ಒಡೆಯಬಾರದ ಲಕೋಟೆ

ಕಥೆ ಬರೆಯುವವನಿಗೆ ನಿವೃತ್ತಿಯ ದಿನ ಎಂಬುದು ಇರುವುದಿಲ್ಲ. ಯಾರೂ ಹಾರ ಹಾಕುವುದಿಲ್ಲ, ಕೈಗಡಿಯಾರ ಕೊಡುವುದಿಲ್ಲ. ದಾಂಡೇಲಿಯ ಕಾಗದದ ಕಾರ್ಖಾನೆಯಲ್ಲಿ ದುಡಿದ ನನ್ನ ಅಪ್ಪನಿಗೆ ಎರಡೂ ಸಿಕ್ಕಿದ್ದವು. ಆದರೂ ನನ್ನ ಕೆಲಸ ಮುಗಿದ ದಿನ ನನಗೆ ಖಚಿತವಾಗಿ ಗೊತ್ತಿದೆ. ಹುಬ್ಬಳ್ಳಿಯಲ್ಲಿ ನಮ್ಮ ಬರಹಗಾರರ ಸಂಘದ ಕೋಣೆಯಲ್ಲಿ, ಎಲ್ಲರೂ ಊಟಕ್ಕೆ ಏಳುವ ಮೊದಲು, ನನ್ನ ಹೆಸರಿನ ಒಂದು ಲಕೋಟೆಯನ್ನು ಅಧ್ಯಕ್ಷರು ಕತ್ತರಿಯಿಂದ ಒಡೆದ ದಿನ ಅದು.

ಈ ಕೆಲಸಕ್ಕೆ ಹೊಸದಾಗಿ ಬರುವವರು ಕೆಲವರು ದಾಂಡೇಲಿಗೆ ಬಂದಾಗ ನಮ್ಮ ಮನೆ ಹುಡುಕಿಕೊಂಡು ಬರುತ್ತಾರೆ. ಕೊಲೆ ಮಾಡಿದವನ ಮನಸ್ಸು, ಸಂಶಯದ ಗಂಡ, ತನ್ನ ಸುಳ್ಳನ್ನು ತಾನೇ ನಂಬಿದ ಹೆಂಗಸು, ಇಂಥವರನ್ನು ಬರೆಯುವುದು ಹೇಗೆ ಎಂದು ಕೇಳುತ್ತಾರೆ. ನನ್ನ ಕಥೆಗಳು, ಧಾರಾವಾಹಿಗಳು, ಮೂರು ಸಿನಿಮಾಗಳು ಎಲ್ಲವೂ ಇಂಥವರ ಮೇಲೆಯೇ ಇದ್ದುದರಿಂದ ಕೇಳುತ್ತಾರೆ. ಬಾಯಲ್ಲಿ ಹೇಳಿದರೆ ನಾನು ಅಲ್ಲಲ್ಲಿ ಸೇರಿಸಿಬಿಡುತ್ತೇನೆ. ಅದಕ್ಕೇ ಬರೆದಿಡುತ್ತಿದ್ದೇನೆ. ಕಂಡದ್ದನ್ನು ಕಂಡದ್ದೆಂದು, ನಂಬಿದ್ದನ್ನು ನಂಬಿದ್ದೆಂದು ಬೇರೆ ಬೇರೆ ಇಡಲು ಪ್ರಯತ್ನಿಸುತ್ತೇನೆ.

ನಾವು ಧಾರವಾಡ ಜಿಲ್ಲೆಯಿಂದ ಬಂದವರು. ಅಪ್ಪ ಕಾರ್ಖಾನೆಯಲ್ಲಿ ಕಾಗದ ಕತ್ತರಿಸುವ ವಿಭಾಗದಲ್ಲಿದ್ದ. ಅಳತೆಗೆ ಹೊಂದದ ಹಾಳೆಗಳನ್ನು ಕೇಳಿ ತರುತ್ತಿದ್ದ. ಉದ್ದ ಸರಿ ಇರುತ್ತಿತ್ತು, ಅಗಲ ಕಡಿಮೆ. ನನ್ನ ಮೊದಲ ಕಥೆಗಳ ವಾಕ್ಯಗಳು ಗಿಡ್ಡವಾಗಿದ್ದರೆ ಅದಕ್ಕೆ ಕಾರಣ ಆ ಹಾಳೆ. ವಿಮರ್ಶಕರು ಅದನ್ನು ಶೈಲಿ ಎಂದರು, ನಾನು ಸುಮ್ಮನಿದ್ದೆ.

ಎರಡನೆಯ ಕಥೆಯಲ್ಲೇ ತಪ್ಪು ಮಾಡಿದೆ. ಅದರಲ್ಲಿ ಒಬ್ಬ ಹೆಂಗಸು ತಂಗಿಯ ಹೊಸ ಸೀರೆಯ ಅಂಚಿನಿಂದ ದಿನಕ್ಕೊಂದು ಎಳೆ ಬಿಚ್ಚುತ್ತಾಳೆ. ತಂಗಿಗೆ ಗೊತ್ತಾಗುವಷ್ಟರಲ್ಲಿ ಅಂಚೇ ಇರುವುದಿಲ್ಲ. ಪಕ್ಕದ ಕ್ವಾರ್ಟರ್ಸಿನ ಕಾಕುವನ್ನು ನೋಡಿ ಬರೆದದ್ದು. ಹೆಸರು ಬದಲಿಸಿದ್ದೆ, ಮೂಗುತಿ ಬದಲಿಸಿರಲಿಲ್ಲ. ಕಥೆ ಅಚ್ಚಾದ ವಾರ ಕಾಕು ನಮ್ಮಿಂದ ಒಯ್ದಿದ್ದ ಒಂದು ಬಟ್ಟಲು ಸಕ್ಕರೆಯನ್ನು ತಂದು ಹೊಸ್ತಿಲ ಮೇಲಿಟ್ಟು, ಮಾತಾಡದೆ ಹೋದರು.

"ಮಂದಿ ಹೊಟ್ಟೆಕಿಚ್ಚು ನಿನಗ ಚಲೋ ಕಾಣಸ್ತೈತಿ ನೋಡಪಾ," ಎಂದಳು ಅವ್ವ.

ನಾನು ಅದನ್ನು ಹೊಗಳಿಕೆ ಎಂದೇ ತೆಗೆದುಕೊಂಡೆ. ಬಹಳ ವರ್ಷ ಹಾಗೆಯೇ ತೆಗೆದುಕೊಂಡಿದ್ದೆ.

ಸಿನಿಮಾಕ್ಕೆ ನನ್ನನ್ನು ಕರೆದವರು ಬೆಂಗಳೂರಿನ ನಿರ್ದೇಶಕ ರಮಾಕಾಂತ. ಮೊದಲ ಭೇಟಿಯಲ್ಲಿ ನಲವತ್ತು ಪುಟ ಕೊಟ್ಟೆ. ಅವನ್ನು ಮೇಜಿನ ಮೇಲೆ ಬೋರಲು ಇಟ್ಟರು.

"ಓದೋಕೆ ನಂಗೂ ಬರುತ್ತೆ. ನೀವು ಹೇಳಿ. ಹೇಳ್ತಾ ಇರೋವಾಗ ನಾನು ಎಲ್ಲಿ ಫೋನ್ ನೋಡ್ತೀನೋ, ಅಲ್ಲಿ ನಿಮ್ಮ ಕಥೆ ಸತ್ತಿದೆ ಅಂತ ತಿಳ್ಕೊಳ್ಳಿ," ಎಂದರು.

ಹೊಸಬರಿಗೆ ಇದು ವಿಚಿತ್ರ ಎನಿಸಬಹುದು. ನಮ್ಮ ಸಿನಿಮಾದಲ್ಲಿ ಕಥೆ ಓದುವವರು ಕಡಿಮೆ, ಕೇಳುವವರು ಹೆಚ್ಚು. ಒಂದೇ ಕಥೆಯನ್ನು ನಿರ್ಮಾಪಕನಿಗೊಮ್ಮೆ, ನಟನಿಗೊಮ್ಮೆ, ನಟನ ಭಾವನಿಗೊಮ್ಮೆ ಹೇಳಬೇಕು. ಹೇಳುವಾಗ ಕೇಳುವವರ ಕಣ್ಣು ಎಲ್ಲಿ ಅರಳುತ್ತದೆಯೋ ಅಲ್ಲಿ ಸ್ವಲ್ಪ ನಿಲ್ಲುತ್ತೇವೆ. ಮುಂದಿನ ಸಲ ಅಲ್ಲೇ ಇನ್ನಷ್ಟು ನಿಲ್ಲುತ್ತೇವೆ. ಹತ್ತನೆಯ ಸಲಕ್ಕೆ ಕಾಗದದ ಮೇಲೆ ಇದ್ದದ್ದು ಏನು, ಬಾಯಲ್ಲಿ ಹುಟ್ಟಿದ್ದು ಏನು ಎಂಬ ಗೆರೆ ಅಳಿಸಿಹೋಗುತ್ತದೆ.

ಹೇಳಿದ ಕಥೆಗೆ ಸಾಕ್ಷಿಯೂ ಇರುವುದಿಲ್ಲ. ಆದ್ದರಿಂದ ನಾವು ಒಂದು ಉಪಾಯ ಮಾಡುತ್ತಿದ್ದೆವು. ಕಥೆಯ ಪ್ರತಿಯನ್ನು ಲಕೋಟೆಯಲ್ಲಿ ಹಾಕಿ, ಅಂಟಿಸಿ, ನಮ್ಮದೇ ವಿಳಾಸಕ್ಕೆ ರಿಜಿಸ್ಟರ್ ಮಾಡುತ್ತಿದ್ದೆವು. ಅಂಚೆಯವನು ತಂದುಕೊಟ್ಟ ಮೇಲೆ ಅದನ್ನು ಒಡೆಯದೆ ಕಪಾಟಿನಲ್ಲಿಡಬೇಕು. ಮೇಲಿನ ಅಂಚೆ ಮುದ್ರೆಯೇ ತಾರೀಖಿನ ಸಾಕ್ಷಿ. ಮುಂದೆ ಯಾರಾದರೂ ಕಥೆ ಕದ್ದರೆ ಹಿರಿಯರ ಮುಂದೆ ಒಡೆಯಬಹುದು. ಅಲ್ಲಿಯವರೆಗೆ ಒಡೆದರೆ ಸಾಕ್ಷಿ ಸತ್ತಂತೆ. ಕೋರ್ಟಿನಲ್ಲಿ ಇದಕ್ಕೆ ಎಷ್ಟು ಬೆಲೆ ಇತ್ತೋ ಗೊತ್ತಿಲ್ಲ, ನಮ್ಮೊಳಗೆ ಇತ್ತು. ನನ್ನ ಕಪಾಟಿನಲ್ಲಿ ಇಂಥ ಹದಿನಾಲ್ಕು ಲಕೋಟೆಗಳಿದ್ದವು. ಮುಚ್ಚಿಟ್ಟ ಕಥೆಯನ್ನು ಮತ್ತೆ ಓದಲಾಗುವುದಿಲ್ಲ ಎಂಬುದನ್ನು ನಮ್ಮಲ್ಲಿ ಯಾರೂ ಯೋಚಿಸಿರಲಿಲ್ಲ.

ಪ್ರತಿ ಟೈಪ್ ಮಾಡಿಸಲು ನಾನು ಹಳಿಯಾಳಕ್ಕೆ ಹೋಗುತ್ತಿದ್ದೆ. ಅಲ್ಲಿ ಫಿಲೋಮಿನಾ ಎಂಬಾಕೆ ಡಿಟಿಪಿ ಅಂಗಡಿ ಇಟ್ಟಿದ್ದಳು. ಹಳಿಯಾಳದ ಹತ್ತಿರದ ಹಳ್ಳಿಯ ಸಿದ್ದಿ ಮನೆತನದವಳು. ಮನೆಯಲ್ಲಿ ಕೊಂಕಣಿ, ಅಂಗಡಿಯಲ್ಲಿ ಕನ್ನಡ. ನನಗಿಂತ ಹತ್ತು ಹನ್ನೆರಡು ವರ್ಷ ಚಿಕ್ಕವಳು. ಮದುವೆಯ ಕಾರ್ಡು, ಜಮೀನಿನ ಅರ್ಜಿಗಳ ನಡುವೆ ನನ್ನ ಕೊಲೆಗಾರರನ್ನು ಟೈಪ್ ಮಾಡುತ್ತಿದ್ದಳು. ಒಮ್ಮೆ ಕೀಲಿಗಳ ಮೇಲೆ ಕೈ ಇಟ್ಟುಕೊಂಡೇ ಕೇಳಿದಳು:

"ಸರ, ಇಕಿ ಗಂಡನ್ನ ಹೊಳಿಗೆ ನೂಕಿದ್ದು ಒಂದ ಸಾಲಿನ್ಯಾಗ ಬರದೀರಿ. ಪೊಲೀಸರ ಮುಂದ ಅಳೂದು ಎರಡ ಪುಟ. ನೂಕಿದಾಕಿ ಅಷ್ಟ ಮಾತಾಡ್ತಾಳಂತೀರೇನ್ರಿ?"

"ನೀ ಟೈಪ್ ಮಾಡವಾ."

"ಮಾಡ್ತೇನಿ ಬಿಡ್ರಿ. ನನಗೇನು, ಅಕಿ ಅತ್ತರ ಪುಟ ಹೆಚ್ಚಾಕ್ಕಾವು."

ಆ ಕಥೆಯಲ್ಲಿ ಕಾಳಿ ಹೊಳೆಯ ದಂಡೆಯ ಹಳ್ಳಿಯೊಂದರಲ್ಲಿ ಸೊಸೆ ಗಂಡನನ್ನು ಕೊಲ್ಲುತ್ತಾಳೆ. ಹೆಣ ಸಿಗುವುದಿಲ್ಲ. ಮಗ ಊರು ಬಿಟ್ಟು ಹೋಗಿದ್ದಾನೆ ಎಂದು ಅತ್ತೆ ಕಾಯುತ್ತಾಳೆ. ಈ ಲೇಖನಕ್ಕೆ ಬೇಕಾದದ್ದು ಅಷ್ಟೇ.

ಪ್ರತಿ ಮುಗಿದ ದಿನ ಹಳಿಯಾಳದ ಅಂಚೆ ಕಚೇರಿಯಿಂದಲೇ ಲಕೋಟೆ ರಿಜಿಸ್ಟರ್ ಮಾಡಿದೆ. ಕೆಲವು ತಿಂಗಳ ನಂತರ ರಮಾಕಾಂತ ಕೂತು ಕಥೆ ಚರ್ಚಿಸಲು ದಾಂಡೇಲಿ ಕಾಡಿನ ಕುಳಗಿಯ ಹತ್ತಿರ ಒಂದು ಮನೆ ಹಿಡಿದರು. ನಿರ್ದೇಶಕ, ನಿರ್ಮಾಪಕ, ನಾನು. ಮೊದಲರ್ಧ ಹೇಳುವಷ್ಟರಲ್ಲಿ ನಿರ್ಮಾಪಕರು ಮೂರು ಸಲ ಫೋನ್ ನೋಡಿದರು. ಸೊಸೆ ಪೊಲೀಸರ ಮುಂದೆ ಅಳುವ ಜಾಗ ಬಂತು. ನಾನು ಅದನ್ನು ಹೇಳಲಿಲ್ಲ. ಬೇರೊಂದು ದೃಶ್ಯ ಹೇಳಿದೆ.

ಊರಿಗೆ ಬರುವುದು ದಿನಕ್ಕೆ ಒಂದೇ ಬಸ್ಸು. ಅತ್ತೆ ಸೊಸೆ ಇಬ್ಬರೂ ಬಂದು ನಿಲ್ಲುತ್ತಾರೆ. ಬಸ್ಸು ನಿಲ್ಲುತ್ತದೆ. ಯಾರೂ ಇಳಿಯುವುದಿಲ್ಲ. ಅತ್ತೆ ಖಾಲಿ ಬಾಗಿಲಿಗೆ ಕೈಚಾಚಿ, ಕಾಣದ ಮಗನಿಂದ ಕಾಣದ ಚೀಲ ಇಸಿದುಕೊಂಡು, ತಿರುಗಿ ಸೊಸೆಗೆ ಕೊಡುತ್ತಾಳೆ. "ಹಿಡಿ, ಭಾರ ಐತಿ." ಸೊಸೆ ಕೈ ಒಡ್ಡುತ್ತಾಳೆ. ಇಲ್ಲದ ಚೀಲಕ್ಕೆ ಅವಳ ಕೈ ಜೋತು ಬೀಳುತ್ತದೆ. ಅತ್ತೆ ಆ ಕೈಯನ್ನೇ ನೋಡುತ್ತಾಳೆ.

ನಿರ್ಮಾಪಕರ ಫೋನ್ ಬೋರಲಾಗಿತ್ತು. ರಮಾಕಾಂತ ಎದ್ದು ಕಿಟಕಿಯವರೆಗೆ ಹೋಗಿ ಬಂದರು.

"ಯಾವೂರು ಇದು?"

"ಕುಂಬಾರವಾಡ," ಎಂದೆ. ಜೋಯಿಡಾ ತಾಲೂಕಿನ ಆ ಊರಿಗೆ ನಾನು ಅಲ್ಲಿಯವರೆಗೆ ಹೋಗಿರಲಿಲ್ಲ. ಹೆಸರು ಸುಮ್ಮನೆ ಬಾಯಿಗೆ ಬಂತು. ಅದು ಏಕೆ ಬಂತು ಎಂದು ಆಗ ನಾನು ಕೇಳಿಕೊಳ್ಳಲಿಲ್ಲ.

ನಿರ್ಮಾಪಕರು ಬೇರೆ ಕಡೆ ಹೋದದ್ದರಿಂದ ಆ ಸಿನಿಮಾ ಆಗಲಿಲ್ಲ. ಆದರೆ ಬಸ್ಸಿನ ದೃಶ್ಯ ಉಳಿಯಿತು. ಎಲ್ಲಿ ಮಾತಾಡಲು ಕರೆದರೂ ಅದನ್ನು ಹೇಳುತ್ತಿದ್ದೆ. ಒಮ್ಮೆ ಮುಂಡಗೋಡದ ಕಾಲೇಜಿನಲ್ಲಿ ಕಥಾ ಕಮ್ಮಟ ನಡೆದಾಗ ಫಿಲೋಮಿನಾ ಹಿಂದಿನ ಸಾಲಿನಲ್ಲಿ ಕೂತಿದ್ದಳು. ಆ ಹೊತ್ತಿಗೆ ಅವಳೂ ಬರೆಯಲು ಶುರುಮಾಡಿದ್ದಳು. ಅಂದು ಸೋಮವಾರದ ಸಂತೆ ಇದ್ದುದರಿಂದ ಬಸ್ ನಿಲ್ದಾಣದಲ್ಲಿ ನಿಲ್ಲಲು ಜಾಗವಿರಲಿಲ್ಲ. ಗದ್ದಲದ ನಡುವೆ ಚಹಾ ಕೊಡಿಸಿ ಹೇಳಿದಳು:

"ಚಲೋ ಹೇಳಿದ್ರಿ ಸರ. ಹುಡುಗೂರು ಗಪ್ ಆಗಿದ್ದರು."

"ಹೂಂ. ಅದು ಯಾವಾಗಲೂ ಕೆಲಸ ಮಾಡ್ತದ."

"ಚೀಲದಾಗ ಏನಿತ್ತು ಅಂತ ಯಾರೂ ಕೇಳ್ಲಿಲ್ಲ ನೋಡ್ರಿ."

"ಚೀಲ ಎಲ್ಲಿಂದ ಬಂತವಾ? ಅದ ಮಜಾ ಅಲ್ಲೇನು, ಚೀಲನ ಇಲ್ಲ."

ಅವಳು ಚಹಾದ ಲೋಟ ನೋಡುತ್ತಾ ನಕ್ಕಳು. "ಹೌದ್ರಿ, ಇಲ್ಲ," ಎಂದಳು. ಅದನ್ನು ನಾನು ಶಿಷ್ಯೆಯ ಮೆಚ್ಚುಗೆ ಎಂದು ತಿಳಿದೆ.

ಈಗ ನನ್ನ ಹೊಟ್ಟೆಕಿಚ್ಚಿನ ಮಾತು. ಅದು ಯಾವಾಗ ಶುರುವಾಯಿತು ಎಂದು ಹೇಳಬಲ್ಲೆ. ರಮಾಕಾಂತ ಫೋನ್ ಮಾಡಿ, "ಒಂದು ಸೀರಿಯಲ್‌ನಲ್ಲಿ ಫಿಲೋಮಿನಾ ಅಂತ ಡೈಲಾಗ್ ಬರೀತಾರಲ್ಲ, ನಿಮ್ಮ ಕಡೆಯವರಂತೆ. ನಂಬರ್ ಇದೆಯಾ?" ಎಂದು ಕೇಳಿದ ಗಳಿಗೆ. ನಂಬರು ನನಗೆ ಬಾಯಿಪಾಠವಿತ್ತು. ಹೇಳಿದೆ. ಕೊನೆಯ ಅಂಕಿ ತಪ್ಪು ಹೇಳಿದೆ. ಬೇಕೆಂದೇ ಹೇಳಿದೆನೋ, ತಪ್ಪಿ ಬಂತೋ, ನೂರು ಸಲ ಯೋಚಿಸಿದ್ದೇನೆ. ತಪ್ಪು ಎಂದು ಮರುಗಳಿಗೆಯಲ್ಲೇ ಗೊತ್ತಾಯಿತು, ಮತ್ತೆ ಫೋನ್ ಮಾಡಿ ತಿದ್ದಲಿಲ್ಲ. ಇಷ್ಟು ಮಾತ್ರ ಪ್ರಮಾಣ ಮಾಡಿ ಹೇಳಬಲ್ಲೆ.

ಇನ್ನೊಂದು ಸಲ ಒಬ್ಬ ನಿರ್ಮಾಪಕರ ಕಚೇರಿಯಲ್ಲಿ ಅವಳ ಮಾತು ಬಂತು. "ಸಿದ್ದಿ ಹೆಣ್ಮಗಳಾ? ಹಾಗಾದ್ರೆ ಒಂದು ಕುಣಿಯೋ ಹಾಡು ಬರೆಸ್ರಿ," ಎಂದರು ಅವರು. ಎಲ್ಲರೂ ನಕ್ಕರು. ನಾನೂ ನಕ್ಕೆ. ಎಲ್ಲರ ನಗು ನಿಂತ ಮೇಲೆಯೂ ನನ್ನದು ಸ್ವಲ್ಪ ಹೊತ್ತು ಇತ್ತು. ಅವಳು ಅಲ್ಲಿ ಇರಲಿಲ್ಲ. ಅವಳ ಸಂಭಾಷಣೆಯ ಎಂಟು ಪುಟಗಳು ಆ ಮೇಜಿನ ಮೇಲಿದ್ದವು. ಅವನ್ನು ನಾನು ಓದಿದ್ದೆ. ಅವುಗಳಲ್ಲಿ ತೆಗೆದುಹಾಕಬೇಕಾದ ಒಂದು ಮಾತೂ ಇರಲಿಲ್ಲ.

ಆಮೇಲೆ ಅವಳು ಕಥೆ ಬರೆದ ಮೊದಲ ಸಿನಿಮಾ ತಯಾರಾಯಿತು, ಬೇರೊಬ್ಬ ಹೊಸ ನಿರ್ದೇಶಕನಿಗೆ. ಟ್ರೈಲರ್ ಅನ್ನು ನನ್ನ ಹೆಂಡತಿ ಶಾರದಾ ಮೊಬೈಲಿನಲ್ಲಿ ತೋರಿಸಿದಳು. ಕಾಡಿನ ರಸ್ತೆ, ಒಂದು ಬಸ್ಸು, ಖಾಲಿ ಬಾಗಿಲು, ಕೈಚಾಚಿದ ಮುದುಕಿ. ಕಡೆಗೆ ಒಂದು ಹೆಣ್ಣಿನ ಕೈ ನಿಧಾನವಾಗಿ ಜೋತು ಬೀಳುತ್ತದೆ.

ಕದ್ದಿದ್ದಾಳೆ ಎಂಬುದು ಎರಡನೆಯ ಯೋಚನೆ. ಮೊದಲನೆಯದು, ಎಷ್ಟು ಚೆನ್ನಾಗಿ ಬಂದಿದೆ ಎಂಬುದು. ಆ ಎರಡರ ನಡುವೆ ಒಂದು ಉಸಿರಿನಷ್ಟು ಅಂತರವಿತ್ತು.

ಕಪಾಟಿನಿಂದ ಆ ಲಕೋಟೆ ತೆಗೆದೆ. ಹಳಿಯಾಳದ ಮುದ್ರೆ ಮಾಸಿತ್ತು, ಆದರೆ ಓದಲು ಬರುತ್ತಿತ್ತು. ಫಿಲೋಮಿನಾಳಿಗೆ ಫೋನ್ ಮಾಡಿದೆ. ಏನೇನು ಅಂದೆ ಎಂದು ಇಲ್ಲಿ ಬರೆಯುವುದಿಲ್ಲ. ಅವಳು ಕೇಳಿಸಿಕೊಂಡಳು.

"ಸರ, ಆ ಲಕೋಟಿ ಒಡೀರಿ," ಎಂದಳು. "ಒಡದ ನೋಡಿ ನೀವ ಹೇಳ್ರಿ ಅದು ಯಾರ್ದು ಅಂತ. ನೀವು ಹೇಳಿದ್ದಕ್ಕ ನಾ ಹೂಂ ಅಂತೇನಿ."

"ಒಡದರ ಸಾಕ್ಷಿ ಹೋಗ್ತದ. ಅದಕ್ಕ ಒಡಿ ಅಂತೀ ಏನು?"

"ಹಂಗಾರ ಸಂಘದಾಗ ಒಡೀರಿ. ಆದರ ಲಗೂನ ಒಡೀರಿ ಸರ. ಪಿಚ್ಚರ ಬರೂ ಶುಕ್ರವಾರದ ಮುಂದಿನ ಶುಕ್ರವಾರ ಐತಿ. ಪಿಚ್ಚರದಾಗ ನನ್ನ ಹೆಸರು ಬರೂದು ಇದ ಮೊದಲು."

ಈ ಮಾತನ್ನು ನಾನು ಕೇಳಿಸಿಕೊಂಡೆ. ಕೇಳಲಿಲ್ಲ ಎಂದು ಹೇಳಿಕೊಳ್ಳಲಾರೆ.

ಶಾರದಾ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು.

"ಕುಂಬಾರವಾಡಕ್ಕ ನೀವು ಯಾವಾಗ ಹೋಗಿದ್ರಿ?"

"ಹೋಗಬೇಕಂತೇನಿಲ್ಲ. ಬರಿಯಾವರಿಗೆ ಕಲ್ಪನಾ ಅಂತ ಇರ್ತದ."

"ಇರ್ತದ ಇರ್ತದ. ಸಂತಿಗೆ ಹೋಗಿ ಬರ್ರಿ ಅಂದರ ಬ್ಯಾಗ ಮರತ ಬರಾವರು ನೀವು. ಇಪ್ಪತ್ತ ವರ್ಷದ ಹಿಂದಿಂದು ಕಾಮಾ ಫುಲ್‌ಸ್ಟಾಪ್ ಸುದ್ದಾ ನೆನಪ ಐತೇನು? ಉಗಿ ಹಿಡದ ಬಿಚ್ಚಿ ನೋಡ್ರಿ, ಮತ್ತ ಗೋಂದ ಹಚ್ಚಿದರಾತು."

"ಅದು ಮೋಸ ಆಗ್ತದ," ಎಂದೆ. ನಾನು ಪ್ರಾಮಾಣಿಕ ಎಂಬ ಹೆಮ್ಮೆ ಆ ಗಳಿಗೆಯಲ್ಲೂ ನನಗಿತ್ತು.

ದೂರು ಬರೆದು ಸಂಘಕ್ಕೆ ಕಳಿಸಿದೆ, ಪ್ರತಿಯನ್ನು ಆ ಸಿನಿಮಾದ ನಿರ್ಮಾಪಕರಿಗೂ ಕಳಿಸಿದೆ. ಸಂಘದ ಅಧ್ಯಕ್ಷರಾದ ದೇಸಾಯಿ ಮಾಸ್ತರು, ನಿವೃತ್ತ ಶಿಕ್ಷಕರು, ಬಿಡುಗಡೆಗೆ ಮೊದಲೇ ಸಭೆ ಕರೆಯಲು ನೋಡಿದರು. ಆ ವಾರ ನನಗೆ ಆಗುವುದಿಲ್ಲ ಎಂದೆ. ನನಗೆ ಯಾವ ಕೆಲಸವೂ ಇರಲಿಲ್ಲ. ನಿರ್ಮಾಪಕರು ಬಿಡುಗಡೆಯನ್ನು ಮುಂದೂಡಲಾರರು, ತಕರಾರಿನ ಹೆಸರನ್ನು ಹಾಕಲಾರರು. ಕಥೆ ಯಾರದು ಎಂದು ಪರದೆಯ ಮೇಲೆ ತೋರಿಸುವ ಕಾರ್ಡನ್ನೇ ತೆಗೆದು ಸಿನಿಮಾ ಬಿಡುಗಡೆ ಮಾಡಿದರು. ನಾನು ನೋಡಲು ಹೋಗಲಿಲ್ಲ.

ಸಭೆ ಅದರ ಮರುವಾರ ನಡೆಯಿತು. ಮೇಜಿನ ಒಂದು ಕಡೆ ನಾನು, ಇನ್ನೊಂದು ಕಡೆ ಫಿಲೋಮಿನಾ. ನಡುವೆ ಲಕೋಟೆ. ನಾನು ಮೊದಲು ಮಾತಾಡಿದೆ. ಬಸ್ಸಿನ ದೃಶ್ಯವನ್ನು ಅವರಿಗೂ ಹೇಳಿದೆ, ಎಲ್ಲಿ ನಿಲ್ಲಬೇಕೋ ಅಲ್ಲಿ ನಿಂತು. ಸಮಿತಿಯ ಒಬ್ಬರು ತಲೆದೂಗಿದರು.

"ನೀ ಏನ ಹೇಳ್ತೀ ಯವ್ವಾ?" ಎಂದು ದೇಸಾಯಿ ಮಾಸ್ತರು ಅವಳನ್ನು ಕೇಳಿದರು.

"ನಾ ಏನ ಹೇಳ್ಲಿ ಮಾಸ್ತರ. ಸರ ಹೇಳಾಕತ್ತರ ನನಗೂ ಅವರ್ದ ಅನಸ್ತೈತಿ. ಒಡಿಯೂಕಿಂತ ಮೊದಲ ಸರನ್ನ ಒಂದ ಮಾತ ಕೇಳ್ತೇನಿ, ಅಷ್ಟ." ಅವಳು ನನ್ನ ಕಡೆ ತಿರುಗಿದಳು. "ಸರ, ಚೀಲದಾಗ ಏನಿತ್ತು?"

"ಚೀಲ ಇಲ್ಲ. ಅದು ಅಕಿ ಪಾಪದ ಭಾರ," ಎಂದೆ.

ಅವಳು ತಲೆ ಆಡಿಸಿದಳು. ಮಾಸ್ತರು ಮುದ್ರೆಯನ್ನು ಎಲ್ಲರಿಗೂ ತೋರಿಸಿ, ಕತ್ತರಿಯಿಂದ ಲಕೋಟೆಯ ಅಂಚು ಕತ್ತರಿಸಿದರು.

ಟೈಪ್ ಮಾಡಿದ ಪುಟಗಳು ಬಂದವು. ಮಾಸ್ತರು ಒಂದೊಂದಾಗಿ ತಿರುವಿದರು. ಸೊಸೆ ಪೊಲೀಸರ ಮುಂದೆ ಅಳುತ್ತಿದ್ದಳು, ಎರಡು ಪುಟ. ಕಥೆ ಮುಗಿಯಿತು. ಬಸ್ಸು ಇರಲಿಲ್ಲ. ಅದರ ಕೆಳಗೆ ಇನ್ನೊಂದು ಹಾಳೆ ಇತ್ತು. ಗೆರೆ ಹಾಕಿದ ನೋಟ್‌ಬುಕ್ಕಿನ ಹಾಳೆ, ನೀಲಿ ಶಾಯಿ, ಬಲಕ್ಕೆ ಬಾಗಿದ ಗುಂಡು ಅಕ್ಷರ. ನನ್ನ ಅಕ್ಷರ ಎಡಕ್ಕೆ ಬಾಗುತ್ತದೆ.

ಮಾಸ್ತರು ಗಟ್ಟಿಯಾಗಿ ಓದಿದರು. ಮೇಲೆ, "ಸರ, ಇದು ಸುಮ್ಮನೆ ಬರೆದದ್ದು. ನಮ್ಮ ಮಾವಶಿಯ ಊರು ಕುಂಬಾರವಾಡದ ಬಸ್ಸು ನೆನೆಸಿಕೊಂಡು. ಬೇಡವಾದರೆ ಹರಿದು ಹಾಕಿರಿ" ಎಂದಿತ್ತು. ನಂತರ ದೃಶ್ಯ. ನಾನು ಹೇಳುತ್ತಿದ್ದ ಪ್ರತಿಯೊಂದು ಮಾತೂ ಇತ್ತು. ನಾನು ಎಂದೂ ಹೇಳದ ಎರಡು ಸಾಲು ಕೊನೆಯಲ್ಲಿದ್ದವು:

"ಚೀಲದಲ್ಲಿ ಹೊಳೆಯ ಕಲ್ಲುಗಳಿವೆ. ಎಷ್ಟು ಭಾರ ಎಂದು ಸೊಸೆಗೆ ಗೊತ್ತು, ಹೆಣ ಮೇಲೆ ಬಾರದಂತೆ ಅದನ್ನು ತುಂಬಿ ಕಟ್ಟಿದವಳು ಅವಳೇ."

ಆಗ ನೆನಪಾಯಿತು. ಹಳಿಯಾಳದ ಅಂಚೆ ಕಚೇರಿಯ ಗೋಂದಿನ ಮೇಜು. ಟೈಪ್ ಮಾಡಿದ ಪುಟಗಳ ಕೆಳಗೆ ಫಿಲೋಮಿನಾ ಇಟ್ಟುಕೊಟ್ಟಿದ್ದ ಆ ಹಾಳೆಯನ್ನು ಅಲ್ಲಿ ನಿಂತು ಓದಿದ್ದೆ. ಇದು ನನ್ನ ಇಡೀ ಕಥೆಗಿಂತ ದೊಡ್ಡದು ಎಂದು ಗೊತ್ತಾಗಿತ್ತು. ಹರಿಯಲು ಮನಸ್ಸಾಗಲಿಲ್ಲ, ಇಟ್ಟುಕೊಳ್ಳಲೂ ಆಗಲಿಲ್ಲ. ಹಿಂದೆ ಸಾಲಿನಲ್ಲಿದ್ದವರು, "ಲಗೂ ಮಾಡ್ರಿ," ಎಂದರು. ಉಳಿದ ಪುಟಗಳ ಜೊತೆ ಒಳಗೆ ಹಾಕಿ ಅಂಟಿಸಿಬಿಟ್ಟೆ. ಮುಂದಿನ ದಿನಗಳಲ್ಲಿ ನಾನು ಮರೆತೆ. ನಟಿಸಲಿಲ್ಲ, ನಿಜವಾಗಿ ಮರೆತೆ. ತನ್ನ ಸುಳ್ಳನ್ನು ತಾನೇ ನಂಬುವ ಹೆಂಗಸನ್ನು ಮೂರು ಧಾರಾವಾಹಿಗಳಲ್ಲಿ ಬರೆದವನು ನಾನು. ಹೊರಗಿನಿಂದ ನೋಡಿ ಬರೆದಿದ್ದೆ. ಒಳಗಿನಿಂದ ಅದಕ್ಕೆ ಯಾವ ಸಪ್ಪಳವೂ ಇರುವುದಿಲ್ಲ.

"ದೂರು ವಾಪಸ್ ತೊಗೋತೇನಿ," ಎಂದೆ. ಫಿಲೋಮಿನಾ ನೀರಿನ ಲೋಟವನ್ನು ನನ್ನ ಕಡೆ ಸರಿಸಿದಳು.

"ಗೊತ್ತಿತ್ತಲ್ಲ ನಿನಗ," ಎಂದೆ. "ಮುಂಡಗೋಡದಾಗ ಯಾಕ ಹೇಳ್ಲಿಲ್ಲ?"

"ಅವತ್ತು ನಾ ಟೈಪ್ ಮಾಡಾಕಿ ಸರ. ಯಾರ ನಂಬ್ತಿದ್ದರು? ಮತ್ತ ನೀವು ಅಷ್ಟ ಚಂದ ಹೇಳ್ತಿದ್ರಿ. ಕಲ್ಲ ಮರತೀರಲ್ಲ, ನೆನಪಾದಾಗ ಯಾರ್ದು ಅಂತನೂ ನೆನಪಾಗ್ತೈತಿ ಅನಕೊಂಡಿದ್ದೆ."

ಅಂದು ಮಧ್ಯಾಹ್ನವೇ ಹುಬ್ಬಳ್ಳಿಯಲ್ಲಿ ಒಬ್ಬನೇ ಹೋಗಿ ಆ ಸಿನಿಮಾ ನೋಡಿದೆ. ಕ್ಯಾಮೆರಾ ಯಾರದು, ಸಂಗೀತ ಯಾರದು, ಬಟ್ಟೆ ಒಗೆದವರು ಯಾರು ಎಂಬುದೂ ಬಂತು. ಕಥೆ ಯಾರದು ಎಂದು ಬರಲಿಲ್ಲ. ಮುಂದೆ ನಾನು ನಿರ್ಮಾಪಕರಿಗೆ ಮೂರು ಪತ್ರ ಬರೆದೆ. ಮೊಬೈಲಿನಲ್ಲಿ ನೋಡುವ ಪ್ರತಿಯಲ್ಲಿ ಸೇರಿಸುತ್ತೇವೆ ಎಂದರು. ಮೊನ್ನೆ ನೋಡಿದೆ, ಸೇರಿಸಿಲ್ಲ. ಅವಳ ಎರಡನೆಯ ಸಿನಿಮಾದಲ್ಲಿ ಹೆಸರು ಬಂದಿದೆ. ಮೊದಲನೆಯದು ಮೊದಲನೆಯದೇ.

ಹೊಸಬರಿಗೆ ಹೇಳುವುದು ಇಷ್ಟು. ಈಗ ಲಕೋಟೆಯ ಕಾಲ ಹೋಗಿದೆ, ಈಮೇಲಿನಲ್ಲಿ ತಾರೀಖು ತಾನೇ ಬೀಳುತ್ತದೆ. ಆದರೂ ಯಾರು ಯಾವ ಸಾಲು ಕೊಟ್ಟರು ಎಂಬುದನ್ನು ಅಂದೇ ಪುಟದ ಬದಿಯಲ್ಲಿ ಬರೆದಿಡಿ, ಹೇಳಲು ಶುರುಮಾಡುವ ಮೊದಲು. ಹೇಳಿದ ಮೇಲೆ ತಡವಾಗುತ್ತದೆ.

ಆ ದಿನ ಸಂಘದ ಕೋಣೆಯಲ್ಲಿ ಎಲ್ಲರೂ ಎದ್ದ ಮೇಲೆ ದೇಸಾಯಿ ಮಾಸ್ತರು ನೋಟ್‌ಬುಕ್ಕಿನ ಹಾಳೆಯನ್ನು ಫಿಲೋಮಿನಾಳಿಗೆ ಕೊಟ್ಟರು. ಅವಳು ಅದನ್ನು ಒಮ್ಮೆ ನೋಡಿ, ನನ್ನ ಮುಂದೆ ಇಟ್ಟಳು.

"ನಿಮ್ಮ ಕಡೇನ ಇರ್ಲಿ ಸರ. ಈ ಸಲ ಮುಚ್ಚಿ ಇಡಬ್ಯಾಡ್ರಿ."

ಮುಚ್ಚಿಟ್ಟಿಲ್ಲ. ನನ್ನ ಬರೆಯುವ ಮೇಜಿನ ಗಾಜಿನ ಕೆಳಗೆ ಇದೆ. ಆ ಮೇಜಿನ ಮೇಲೆ ಈಗ ನಾನು ಕಥೆ ಬರೆಯುವುದಿಲ್ಲ. ಬೆಳಿಗ್ಗೆ ಚಹಾ ಕುಡಿಯುತ್ತಾ ಆ ಹಾಳೆಯನ್ನು ಮೇಲಿನಿಂದ ಕೆಳಗಿನವರೆಗೆ ಓದುತ್ತೇನೆ. ಪಶ್ಚಾತ್ತಾಪದಿಂದ ಓದುತ್ತೇನೆ ಎಂದು ಶಾರದಾ ತಿಳಿದಿದ್ದಾಳೆ. ತೆಗೆದುಹಾಕಬಹುದಾದ ಒಂದು ಮಾತು ಅದರಲ್ಲಿ ಎಲ್ಲಿಯಾದರೂ ಇದೆಯೇ ಎಂದು ಇವತ್ತಿಗೂ ಹುಡುಕುತ್ತಿದ್ದೇನೆ.